ಬಿಗುಮಾನ ಅನ್ನುವ ಶಬ್ದ

ಆ ಮಂಗಳವಾರ ಬೆಳಿಗ್ಗೆ ಅವನ ಮೇಜಿಗೆ ಬಂದದ್ದು ‘ಬಿಗಿ’ಯಿಂದ ‘ಬಿಚ್ಚು’ವರೆಗಿನ ಚೀಟಿಗಳ ಕಟ್ಟು. ನಿಘಂಟು ಕಚೇರಿಯ ಮೂರನೆಯ ಮಹಡಿಯಲ್ಲಿ, ಎರಡು ಕಪಾಟುಗಳ ನಡುವೆ ಸಿಕ್ಕಿಕೊಂಡಂತಿದ್ದ ಮೇಜಿನ ಮುಂದೆ ಕೂತು ಇಪ್ಪತ್ತಮೂರು ವರ್ಷದಿಂದ ಅವನು ಮಾಡುತ್ತಿದ್ದ ಕೆಲಸ ಒಂದೇ: ಒಂದೊಂದು ಶಬ್ದಕ್ಕೂ ಬಂದು ಸೇರಿದ ಚೀಟಿಗಳನ್ನು ಓದುವುದು, ಯಾರು ಯಾವ ಅರ್ಥದಲ್ಲಿ ಆಡಿದ್ದಾರೆಂದು ಬೇರ್ಪಡಿಸುವುದು, ಶಬ್ದ ಎಲ್ಲಿಂದ ಬಂತೆಂದು ತಿಳಿದಷ್ಟು ಬರೆಯುವುದು, ತಿಳಿಯದಿದ್ದರೆ ಒಂದು ಪ್ರಶ್ನೆಯ ಗುರುತು ಹಾಕಿ ಮುಂದಕ್ಕೆ ಹೋಗುವುದು. ಸಂಜೆ ನಾಲ್ಕಕ್ಕೆ ಅಚ್ಚಿನವರು ಬರುತ್ತಾರೆ, ಅಷ್ಟರಲ್ಲಿ ಇಪ್ಪತ್ತು ಶಬ್ದ ಮುಗಿಯಬೇಕೆಂದು ಪ್ರಧಾನ ಸಂಪಾದಕರು ಹೇಳಿಕಳಿಸಿದ್ದರು. ಹತ್ತೂವರೆಗೆ ಅವನು ‘ಬಿಗುಮಾನ’ಕ್ಕೆ ಬಂದ. ಬಂದವನು ಪೆನ್ನು ಕೆಳಗಿಟ್ಟು ಕನ್ನಡಕ ಒರೆಸಿಕೊಂಡ, ಅದು ಶುಭ್ರವಾಗಿಯೇ ಇದ್ದರೂ.

ಈ ಶಬ್ದ ಅವನಿಗೆ ಹೊಸದಲ್ಲ. ಕಚೇರಿಯಲ್ಲಿ ಇದನ್ನು ಅವನ ಬೆನ್ನಿಗೇ ಅಂಟಿಸಿದ್ದರು. “ಅವರಿಗಾ? ಬಿಗುಮಾನ. ಗುಡ್ ಮಾರ್ನಿಂಗ್ ಅಂದ್ರೂ ಅರ್ಧ ವಾಪಸ್ ಕೊಡ್ತಾರೆ” ಎಂದು ಟೈಪಿಸ್ಟ್ ಅಕ್ಕ ಹೊಸಬರೊಬ್ಬರಿಗೆ ಹೇಳುತ್ತಿದ್ದದ್ದನ್ನು ಮೆಟ್ಟಿಲ ತಿರುವಿನಲ್ಲಿ ನಿಂತು ಕೇಳಿಸಿಕೊಂಡಿದ್ದ. ಕೇಳಿಸಿಕೊಂಡು, ಅವರಿಗೆ ಮುಜುಗರವಾಗದಿರಲೆಂದು ಮತ್ತೆ ಎರಡು ಮಹಡಿ ಇಳಿದು, ಕೆಮ್ಮುತ್ತ ಹತ್ತಿ ಬಂದಿದ್ದ. ಗುಮ್ಮನಗುಸುಕ ಎಂದು ಇನ್ನೊಂದು ಹೆಸರೂ ಇತ್ತು. ಅದು ಸವೆದು ಸವೆದು ಈಗ ಬರೀ ಗುಮ್ಮ ಆಗಿತ್ತು. ಅವನಿಗೆ ನೋವಾಗುತ್ತಿದ್ದದ್ದು ಹೆಸರಿನಿಂದಲ್ಲ. ಇದೇ ಮೌನವನ್ನು ಪ್ರಧಾನ ಸಂಪಾದಕರು ಇಟ್ಟುಕೊಂಡರೆ ಅದು ಗಾಂಭೀರ್ಯ. ಹೊಸದಾಗಿ ಸೇರಿದ ಹುಡುಗಿಯರು ಇಟ್ಟುಕೊಂಡರೆ ಸಂಕೋಚ. ಅವನು ಇಟ್ಟುಕೊಂಡರೆ ಮಾತ್ರ ಬಿಗುಮಾನ. ಒಂದೇ ಬಟ್ಟೆಯನ್ನು ಒಬ್ಬೊಬ್ಬರಿಗೆ ಒಂದೊಂದು ಹೆಸರಲ್ಲಿ ಮಾರಿದ ಹಾಗೆ. ಬಿಗು ಎಂದರೆ ಬಿಗಿಯೇ, ಅದರಲ್ಲಿ ಅನುಮಾನವಿಲ್ಲ. ಆದರೆ ಈ ಮಾನ ಯಾವ ಮಾನ? ಮರ್ಯಾದೆಯ ಮಾನವೋ, ಅಳತೆಯ ಮಾನವೋ, ಅಥವಾ ಎರಡೂ ಅಲ್ಲದೆ ಬಾಯಿಮಾತಿನಲ್ಲಿ ಸುಮ್ಮನೆ ಬಂದು ಸೇರಿಕೊಂಡ ಬಾಲವೋ? ಮರ್ಯಾದೆ ಸಡಿಲವಾಗದಂತೆ ಬಿಗಿದುಕೊಂಡವನು, ಮಾತನ್ನು ಅಳೆದು ಅಳೆದು ಬಿಡುವವನು. ಎರಡೂ ತನಗೆ ಹೊಂದುತ್ತವಲ್ಲ ಎಂದುಕೊಂಡು, ಕಟ್ಟಿನ ರಬ್ಬರು ತೆಗೆದು ಚೀಟಿಗಳನ್ನು ಹರಡಿಕೊಂಡ.

ಏಳು ಚೀಟಿ. ಆರು ಹಳೆಯವು, ಅಂಚು ಹಳದಿಯಾದವು. ಏಳನೆಯದು ಬೆಳ್ಳಗಿತ್ತು. ನೀಲಿ ಶಾಯಿ, ಬಲಕ್ಕೆ ವಾಲಿದ ದುಂಡು ಅಕ್ಷರ. ಸಂಗ್ರಾಹಕನ ಕೈಬರಹ. ಸಂಗ್ರಾಹಕ ಎಂದರೆ ಮನೆಮನೆ ತಿರುಗಿ ಆಡುಮಾತು ಬರೆದುಕೊಂಡು ಬರುವ ಕೆಲಸಕ್ಕೆ ಮೂರು ವರ್ಷದ ಹಿಂದೆ ಸೇರಿದವನು. ಮೂವತ್ತಾರರ ಆಸುಪಾಸು, ಕಚೇರಿಯೊಳಗೆ ಕಾಲಿಟ್ಟರೆ ಗೋಡೆಯ ಗಡಿಯಾರವನ್ನೂ ಮಾತಾಡಿಸುವವನು. ಆತನನ್ನು ಕಂಡರೆ ಟೈಪಿಸ್ಟ್ ಅಕ್ಕ ಸ್ವರ ಬದಲಿಸುತ್ತಿದ್ದಳು, ಪ್ರಧಾನ ಸಂಪಾದಕರು ಕುರ್ಚಿಯಲ್ಲಿ ಹಿಂದಕ್ಕೆ ಒರಗುತ್ತಿದ್ದರು. ಚೀಟಿಯಲ್ಲಿ ಹೀಗಿತ್ತು:

“ಬಿಗುಮಾನ ಅಂದ್ರೆ ಸೊಕ್ಕು ಅಂತಾರೆ. ಸೊಕ್ಕಲ್ಲ. ಗಂಟು ಬಿಚ್ಚಿದ್ರೆ ಒಳಗಿರೋದು ಚೆಲ್ಲಿಹೋಗುತ್ತೆ, ಚೆಲ್ಲಿದ್ದನ್ನ ಬಳಿದು ತುಂಬಿಕೊಡೋರು ಯಾರೂ ಇಲ್ಲ ಅಂತ ಬಿಗಿದಿಟ್ಟುಕೊಂಡಿರೋದು.” ಕೆಳಗೆ ಸಣ್ಣದಾಗಿ: ಗೃಹಿಣಿ, ೪೪.

ಅವನು ಅದನ್ನು ಎರಡು ಸಲ ಓದಿದ. ಆಮೇಲೆ ಮೊದಲ ಸಲ ಓದಿದವನಂತೆ ಮೂರನೆಯ ಸಲ ಓದಿದ. ಇಪ್ಪತ್ತಮೂರು ವರ್ಷದಲ್ಲಿ ಇಷ್ಟು ಒಳ್ಳೆಯ ಚೀಟಿ ಅವನ ಕೈಗೆ ಬಂದಿರಲಿಲ್ಲ. ಯಾರೋ ಪುಣ್ಯಾತ್ಗಿತ್ತಿ, ನನ್ನನ್ನು ನೋಡದೆಯೇ ನನ್ನ ಬಗ್ಗೆ ಹೇಳಿಬಿಟ್ಟಿದ್ದಾಳಲ್ಲ ಎನ್ನಿಸಿತು. ಇದೇ ಹೆಂಗಸು ಇನ್ನೇನೇನು ಹೇಳಿದ್ದಾಳೋ ನೋಡೋಣವೆಂದು ಎದ್ದು ಕಪಾಟಿನ ಸೆಳೆಖಾನೆ ಎಳೆದ. ‘ಬದಿ’ಯಲ್ಲಿ ಒಂದು ಬೆಳ್ಳನೆಯ ಚೀಟಿ ಸಿಕ್ಕಿತು. ಗೃಹಿಣಿ, ೪೪. “ಅಡುಗೆಮನೆ ಕಿಟಕಿ ತೆಗೆದ್ರೆ ಆ ಬದಿಗೂ ಗೋಡೆ, ಈ ಬದಿಗೂ ಗೋಡೆ. ನಡುವೆ ಒಂದು ಗೇಣು ಬಿಸಿಲು. ಹನ್ನೊಂದಕ್ಕೆ ಬರುತ್ತೆ, ಹನ್ನೊಂದೂಕಾಲಿಗೆ ಹೋಗುತ್ತೆ, ರೈಲ್ವೆ ಗೇಟಿನ ಗಂಟೆ ಹೊಡೆಯೋ ಹೊತ್ತಿಗೆ. ಅಷ್ಟರಲ್ಲಿ ನಾನು ಕೂದಲು ಆರಿಸ್ಕೋತೀನಿ.”

ರೈಲ್ವೆ ಗೇಟಿನ ಗಂಟೆ. ಅದು ಅವನ ಮನೆಗೂ ಕೇಳಿಸುತ್ತದೆ. ಅವನ ಬೆರಳು ಚೀಟಿಯ ಮೇಲೇ ನಿಂತಿತು. ತನ್ನ ಮನೆಯ ಹಿಂಬದಿಯವರು ಗೋಡೆ ಎಬ್ಬಿಸಿದಾಗ ಜಗಳವಾಡಲಾಗದೆ, ಕಿಟಕಿ ಮುಚ್ಚಿಯೇ ಇರಲಿ ಬಿಡು ಎಂದು ಹೆಂಡತಿಗೆ ಅವನೇ ಹೇಳಿದ್ದ. ಹಾಗಾದರೆ ಅವಳು ಅದನ್ನು ತೆಗೆಯುತ್ತಾಳೆ. ಆ ಸಂದಿಯಲ್ಲಿ ಬಿಸಿಲು ಬರುತ್ತದೆ. ಅವಳ ಒದ್ದೆ ಕೂದಲಿಗೆ ಆ ಕಿಟಕಿಯಲ್ಲಿ ಹದಿನೈದು ನಿಮಿಷ ಬಿಸಿಲು ಬೀಳುತ್ತದೆ, ಅದು ಅವಳ ಗಂಡನಿಗೆ ಗೊತ್ತಿಲ್ಲ, ಸಂಗ್ರಾಹಕನಿಗೆ ಗೊತ್ತು. ಹೇಳಿ ಗೊತ್ತೋ, ಕಂಡು ಗೊತ್ತೋ? ಆ ಹೊತ್ತಿಗೆ ಆತ ಎಲ್ಲಿ ಕೂತಿದ್ದ? ಅಡುಗೆಮನೆಯಲ್ಲಿ ಇರುವುದು ಒಂದೇ ಸ್ಟೂಲು, ಅದರ ಒಂದು ಕಾಲು ಗಿಡ್ಡ. ಅದರ ಮೇಲೆ ಕೂತು ಅಲ್ಲಾಡುತ್ತ, ನಗುತ್ತ, ಮಡಿಲಲ್ಲಿ ಪುಸ್ತಕ ಇಟ್ಟುಕೊಂಡು… ಅವನು ಸೆಳೆಖಾನೆಗಳನ್ನು ಒಂದಾದ ಮೇಲೊಂದು ಎಳೆಯತೊಡಗಿದ. ‘ಬಚ್ಚಿಡು’. ‘ಬಾಯಾರು’. ‘ಬೆಪ್ಪು’: “ಬೆಪ್ಪು ಅಂದ್ರೆ ನನಗೆ ಬೇಜಾರಿಲ್ಲ, ಜಾಣೆ ಅಂತ ಹೇಳಿ ನಗ್ತಾರಲ್ಲ, ಅದು ಬೇಜಾರು.” ‘ಬೇಸಿಗೆ’, ‘ಬೊಗಸೆ’. ಹದಿನೇಳು ಚೀಟಿ, ಮೂರು ತಾರೀಖು. ಮೂರೂ ಗುರುವಾರ. ಗುರುವಾರ ಸಂಪಾದಕ ಸಮಿತಿಯ ಸಭೆ ಇರುತ್ತದೆ, ಅವನು ಸಂಜೆ ಏಳರ ತನಕ ಕಚೇರಿ ಬಿಡುವಂತಿಲ್ಲ. ಇದು ಕಚೇರಿಗೆಲ್ಲ ಗೊತ್ತು.

ಮೊದಲ ತಾರೀಖಿನ ಹಿಂದಿನ ವಾರ ಅವನಿಗೆ ಜ್ವರ ಬಂದಿತ್ತು. ಕರಡಚ್ಚು ತಂದುಕೊಡಲು ಸಂಗ್ರಾಹಕ ಮನೆಗೆ ಬಂದಿದ್ದ. ಮಲಗಿದ್ದಲ್ಲಿಂದಲೇ ಅವನು ಕೇಳಿಸಿಕೊಂಡಿದ್ದ, “ಅಕ್ಕ, ಒಂದು ಲೋಟ ನೀರು ಕೊಡ್ತೀರಾ” ಎಂಬುದನ್ನು, ಆಮೇಲೆ ಹೆಂಡತಿಯ ಸ್ವರವನ್ನು, ಆಮೇಲೆ ನಗೆಯನ್ನು. ಜ್ವರದ ಮಂಪರಿನಲ್ಲಿ ಮಗಳು ಹಾಸ್ಟೆಲಿನಿಂದ ಫೋನು ಮಾಡಿರಬೇಕು ಎಂದುಕೊಂಡಿದ್ದ. ಹಾಗೆ ಅವಳು ನಗುತ್ತಿದ್ದದ್ದು ಮಗಳ ಫೋನಿಗೆ ಮಾತ್ರ, ಅದೂ ಬಾಗಿಲು ಮುಂದೆ ಮಾಡಿಕೊಂಡು. ಅವನು ಒಳಗೆ ಹೋದರೆ “ನಿಮ್ಮಪ್ಪ ಬಂದ್ರು” ಎಂದು ಮುಗಿಸುತ್ತಿದ್ದಳು. ಅವನೊಂದಿಗೆ ಅವಳ ಮಾತು ದಿನಕ್ಕೆ ಹತ್ತು ಹನ್ನೆರಡು: ಊಟಕ್ಕೆ ಬನ್ನಿ, ಗ್ಯಾಸಿನವನು ಬಂದಿದ್ದ, ಛತ್ರಿ ತಗೊಳ್ಳಿ, ಲೈಟು ಆರಿಸ್ಲಾ. ಅದನ್ನೇ ಅವನು ಹೊಂದಾಣಿಕೆ ಎಂದುಕೊಂಡಿದ್ದ. ಇಬ್ಬರೂ ಹೆಚ್ಚು ಮಾತಿನವರಲ್ಲ ಎಂದು ಬಂಧುಗಳ ಮುಂದೆ ಸ್ವಲ್ಪ ಹೆಮ್ಮೆಯಿಂದಲೇ ಹೇಳುತ್ತಿದ್ದ. ಈಗ ನೋಡಿದರೆ ಅವಳೊಳಗೆ ಒಂದು ಸಂಪುಟಕ್ಕಾಗುವಷ್ಟು ಮಾತು ಇದೆ. ಅದನ್ನೆಲ್ಲ ಆತ ಒಂದು ಲೋಟ ನೀರಿನ ನೆಪ ಹೇಳಿ ಮೊಗೆದುಕೊಂಡು ಬಂದು, ಅಕಾರಾದಿಯಾಗಿ ಜೋಡಿಸಿ, ಅವಳ ಗಂಡನ ಕಪಾಟಿನಲ್ಲೇ ಇಟ್ಟಿದ್ದಾನೆ.

ಅಷ್ಟೇ ಅಲ್ಲ, ಆ ‘ಬಿಗುಮಾನ’ದ ಚೀಟಿ. ಅದು ಯಾರೋ ನೋಡದೆ ಹೇಳಿದ್ದಲ್ಲ. ಇಪ್ಪತ್ತೆರಡು ವರ್ಷ ಒಟ್ಟಿಗೆ ಬಾಳಿ, ನೋಡಿ ಹೇಳಿದ್ದು. ಅವಳಿಗೆ ಅವನ ಗಂಟು ಗೊತ್ತು, ಗಂಟಿನೊಳಗಿನ ಭಯ ಗೊತ್ತು. ಗೊತ್ತಿದ್ದೂ ಅವನ ಹತ್ತಿರ ಒಂದು ದಿನವೂ ಆಡಲಿಲ್ಲ, ಪರರ ಮುಂದೆ ಬಿಚ್ಚಿ ತೋರಿಸಿದಳು. ಆತ ಅದನ್ನು ಬರೆದುಕೊಳ್ಳುವಾಗ ಗಂಡನ ಮುಖವನ್ನು ನೆನೆದಿರಬೇಕು. ದಿನಾ ಬೆಳಿಗ್ಗೆ “ಏನ್ ಸಾರ್, ಬ ಮುಗೀತಾ?” ಎಂದು ಬೆನ್ನು ತಟ್ಟದೆಯೂ ತಟ್ಟಿದಂತೆ ಕೇಳುವ ಆ ಸಲಿಗೆ, ಅದರ ಅರ್ಥ ಈಗ ತಿಳಿಯಿತು. ಎದೆಯಲ್ಲಿ ಏನೋ ಹುಳಿಯಾದದ್ದು ಮೇಲೇರಿ ಬಂತು. ಸಂಶಯವೇ ಎಂದು ತನ್ನನ್ನೇ ಕೇಳಿಕೊಂಡ. ಸಂಶಯವಲ್ಲ. ಅವಳ ಕೈ ಆತ ಹಿಡಿದಿದ್ದರೆ ಸಿಟ್ಟು ಮಾಡಬಹುದಿತ್ತು. ಆಗ ಲೋಕವೆಲ್ಲ ಅವನ ಕಡೆ ನಿಲ್ಲುತ್ತಿತ್ತು. ಆತ ಬರೀ ಕೇಳಿಸಿಕೊಂಡಿದ್ದಾನೆ. ಅದಕ್ಕೆ ಯಾರ ಹತ್ತಿರ ದೂರು ಕೊಡುವುದು?

ಆದರೂ ದೂರು ಕೊಟ್ಟ. ಹದಿನೇಳೂ ಚೀಟಿಗಳನ್ನು ಹಿಡಿದುಕೊಂಡು ಪ್ರಧಾನ ಸಂಪಾದಕರ ಕೋಣೆಗೆ ಹೋದಾಗ ತಾನು ಏನು ಹೇಳಲಿದ್ದೇನೆಂದು ಅವನಿಗೇ ಸ್ಪಷ್ಟವಿರಲಿಲ್ಲ. ಅವರು ಚೀಟಿಗಳನ್ನು ಓದಿ, “ಅಲ್ರೀ, ಎಷ್ಟು ಚೆನ್ನಾಗಿದೆ! ಯಾರೀಕೆ?” ಎಂದರು. ಆ ಮೆಚ್ಚುಗೆಯೇ ಅವನ ಬಾಯಿ ಬಿಡಿಸಿತು.

“ಅದೇ ಸಾರ್, ಚೆನ್ನಾಗಿರೋದೇ ತೊಂದರೆ. ಅಡುಗೆಮನೇಲಿ ನಿಂತ ಹೆಂಗಸು ಹೀಗೆ ಮಾತಾಡ್ತಾಳಾ? ಎಲ್ಲ ಕಟ್ಟಿದ ವಾಕ್ಯ ಅನ್ಸುತ್ತೆ. ಹೆಸರಿಲ್ಲ, ವಿಳಾಸ ಇಲ್ಲ. ನಮ್ಮ ನಿಯಮ ಏನಿದೆ?”

ಹೇಳಿದ ಮೇಲೆ ಅವನ ಕಿವಿ ಬಿಸಿಯಾಯಿತು. ಅವನ ಹೆಂಡತಿ ಹೀಗೆ ಮಾತಾಡಲಾರಳು ಎಂದು ಅವನೇ ಸಾಕ್ಷಿ ನುಡಿದಂತಾಯಿತಲ್ಲ.

ಸಂಪಾದಕರು ಸಂಗ್ರಾಹಕನನ್ನು ಕರೆಸಿದರು. ಆತ ನಗುತ್ತಲೇ ಬಂದ. ಮೇಜಿನ ಮೇಲೆ ಹರಡಿದ್ದ ಚೀಟಿಗಳನ್ನು ನೋಡಿದ ಮೇಲೂ ಆ ನಗು ಸ್ವಲ್ಪ ಹೊತ್ತು ದಾರಿ ತಪ್ಪಿದ ಹಾಗೆ ಮುಖದಲ್ಲೇ ಉಳಿದಿತ್ತು.

“ಈ ಗೃಹಿಣಿ ಯಾರಪ್ಪ?”

“ಒಬ್ಬರು ಅಕ್ಕ ಸಾರ್.”

“ಹೆಸರು?”

ಆಗ ಆತ ಒಂದು ಸಲ ಅವನ ಕಡೆ ನೋಡಿದ. ಅವನು ನಿರೀಕ್ಷಿಸಿದ್ದ ತಿರಸ್ಕಾರ ಅದರಲ್ಲಿರಲಿಲ್ಲ. ‘ಹೇಳಲಾ ಸಾರ್?’ ಎಂದು ಅಪ್ಪಣೆ ಕೇಳುವ ಹಾಗಿತ್ತು. ಅವನು ಗೋಡೆಯ ಕ್ಯಾಲೆಂಡರಿನ ಕಡೆ ಕಣ್ಣು ತಿರುಗಿಸಿದ.

“ಹೆಸರು ಬರೀಬೇಡಿ ಅಂದಿದಾರೆ ಸಾರ್” ಎಂದ ಸಂಗ್ರಾಹಕ.

“ನನಗೊಬ್ಬನಿಗೆ ಹೇಳು.”

“ಮಾತು ಕೊಟ್ಟಿದೀನಿ.”

“ಅಂದ್ರೆ ನೀನೇ ಕಟ್ಟಿದ್ದು ಅಂತ ಇವರು ಹೇಳಿದ್ರೆ ನಾನೇನು ಉತ್ತರ ಕೊಡ್ಲಿ?”

ಮೂರು ವರ್ಷದಲ್ಲಿ ಆ ಬಾಯಿ ಮುಚ್ಚಿದ್ದನ್ನು ಕಚೇರಿ ನೋಡಿರಲಿಲ್ಲ. ಈಗ ಮುಚ್ಚಿತು. ಸಂಪಾದಕರು ಕಾದರು, ಬೇಸತ್ತರು, ಸಿಟ್ಟಾದರು. ಸಮಿತಿ ತೀರ್ಮಾನ ಮಾಡುವ ತನಕ ಆತ ಹೊರಗೆ ತಿರುಗುವುದು ಬೇಡ. ಆತ ತಂದ ಚೀಟಿಗಳೆಲ್ಲ, ಮೂರು ವರ್ಷದವೂ, ಈ ಸಂಪುಟದಿಂದ ಹೊರಗೆ. ಒಳಗೆ ಕೂತು ಹಳೆಯ ಚೀಟಿಗಳನ್ನು ಅಕಾರಾದಿ ಜೋಡಿಸಲಿ ಎಂದರು. “ಆಗ್ಲಿ ಸಾರ್” ಎಂದು ಆತ ಹೊರಟ. ಬಾಗಿಲಲ್ಲಿ ಇಬ್ಬರ ತೋಳು ತಗುಲಿತು. ಆತ ಪಕ್ಕಕ್ಕೆ ಸರಿದು ಅವನಿಗೇ ಮೊದಲು ದಾರಿ ಬಿಟ್ಟ.

ಮಧ್ಯಾಹ್ನವೆಲ್ಲ ಸಂಗ್ರಾಹಕ ಕೋಣೆಯ ಆ ತುದಿಯಲ್ಲಿ ಕೂತು ಚೀಟಿ ಜೋಡಿಸಿದ. “ಏನೋ, ಇವತ್ತು ನಿನ್ನ ರೇಡಿಯೋ ಕೆಟ್ಟಿದೆಯಾ?” ಎಂದು ಟೈಪಿಸ್ಟ್ ಅಕ್ಕ ಕೇಳಿದ್ದಕ್ಕೆ “ಹೂಂ ಅಕ್ಕ, ಸೆಲ್ಲು ಮುಗೀತು” ಎಂದನಷ್ಟೆ. ಇವನು ‘ಬಿಗುಮಾನ’ಕ್ಕೆ ಅರ್ಥ ಬರೆದ: ಸೊಕ್ಕು, ಹಮ್ಮು, ಯಾರೊಡನೆಯೂ ಬೆರೆಯದಿರುವಿಕೆ. ವ್ಯುತ್ಪತ್ತಿಯ ಜಾಗದಲ್ಲಿ ಬಿಗು + ಮಾನ ಎಂದು ಬರೆದು ಪ್ರಶ್ನೆಯ ಗುರುತನ್ನೂ ಹಾಕಲಿಲ್ಲ. ನಾಲ್ಕಕ್ಕೆ ಅಚ್ಚಿನವರು ಬಂದು ಕಟ್ಟು ತೆಗೆದುಕೊಂಡು ಹೋದರು. ಗೆದ್ದೆನೇ ಎಂದು ನೋಡಿಕೊಂಡ. ಆ ತುದಿಯಲ್ಲಿ ಬಗ್ಗಿದ ತಲೆ ಕಾಣುತ್ತಿತ್ತು. ಅವನ ಹೆಂಡತಿಯ ಗುಟ್ಟನ್ನು ಅವನಿಂದಲೇ ಕಾಪಾಡುತ್ತ ಕೂತಿದ್ದ ತಲೆ. ಇಷ್ಟು ವರ್ಷ ಮಾತಾಡದಿರುವುದೊಂದೇ ತನ್ನ ಸ್ವಂತದ್ದು ಎಂದುಕೊಂಡಿದ್ದವನಿಗೆ, ಅದರಲ್ಲೂ ಆತ ತನಗಿಂತ ಮೇಲಾದನಲ್ಲ ಎಂದು ಹೊಟ್ಟೆ ಉರಿಯಿತು.

ಮನೆಗೆ ಬಂದಾಗ ಇನ್ನೂ ಬೆಳಕಿತ್ತು. ಅವಳು ಒಣಗಿದ ಬಟ್ಟೆ ಮಡಿಸುತ್ತಿದ್ದಳು. ಅವನು ಚಪ್ಪಲಿ ಬಿಟ್ಟು ಸೀದಾ ಅಡುಗೆಮನೆಗೆ ಹೋಗಿ ಕಿಟಕಿ ನೋಡಿದ. ಚಿಲಕದ ಹಿಡಿ ಮುಟ್ಟಿ ಮುಟ್ಟಿ ಹೊಳೆಯುತ್ತಿತ್ತು. ಅವಳು ಹಿಂದೆಯೇ ಬಂದು, “ನೀರು ಬೇಕಿತ್ತಾ?” ಎಂದಳು.

“ನಮ್ಮ ಸಂಗ್ರಾಹಕ ಬಂದಿದ್ನಾ ಇಲ್ಲಿಗೆ? ನಾನಿಲ್ಲದಾಗ?”

“ಬಂದಿದ್ರು. ಮೂರು ಸಲ.”

“ನನಗೆ ಹೇಳಲೇ ಇಲ್ಲ.”

“ಹೇಳಿದ್ನಲ್ಲ. ಮೂರು ಸಲಾನೂ ಹೇಳಿದೀನಿ. ನಿಮ್ಮ ಆಫೀಸಿನವರು ಬಂದಿದ್ರು, ಏನೇನೋ ಕೇಳಿ ಬರ್ಕೊಂಡು ಹೋದ್ರು ಅಂತ. ನೀವು ಹೂಂ ಅಂದ್ರಿ.”

ಅವನಿಗೆ ಆ ಹೂಂ ನೆನಪಾಗಲಿಲ್ಲ. ಅಂದಿರಬಹುದು; ಅವನ ಹೂಂಗಳಿಗೆ ಚೀಟಿ ಇಟ್ಟವರು ಯಾರು? ಆದರೆ ಸೋಲಲು ಮನಸ್ಸಾಗಲಿಲ್ಲ. “ನನ್ನ ಬಗ್ಗೆ ಅವನ ಹತ್ತಿರ ಏನೇನೋ ಹೇಳಿದೀಯಲ್ಲ” ಎಂದ. ಸ್ವರ ಅವನಂದುಕೊಂಡದ್ದಕ್ಕಿಂತ ಸಣ್ಣದಾಗಿ ಬಂತು. “ಬಿಗುಮಾನ, ಗಂಟು, ಬಿಚ್ಚಿದ್ರೆ ಚೆಲ್ಲಿಹೋಗುತ್ತೆ ಅಂತ. ಓದಿದೆ. ನಾನೇ ಓದಬೇಕಾಗಿ ಬಂತು.”

ಅವಳು ಕೈಯಲ್ಲಿದ್ದ ಟವೆಲನ್ನು ಮಡಿಸುವುದನ್ನು ನಿಲ್ಲಿಸಿದಳು. ಅವಳ ಮುಖದಲ್ಲಿ ಮೊದಲು ಕಂಡದ್ದು ನಿಜವಾದ ಆಶ್ಚರ್ಯ.

“ನಿಮ್ಮ ಬಗ್ಗೆ ಅಂದ್ಕೊಂಡ್ರಾ?”

“ಮತ್ತೆ?”

“ನನ್ನ ಬಗ್ಗೆ ರೀ.”

ಹೊರಗೆ ಯಾರೋ ಸೈಕಲ್ಲಿನ ಬೆಲ್ಲು ಬಾರಿಸಿಕೊಂಡು ಹೋದರು. ಅವನು ಕಿಟಕಿಗೆ ಒರಗಿ ನಿಂತ. ಬೆಳಿಗ್ಗೆಯಿಂದ ಹೊತ್ತುಕೊಂಡು ತಿರುಗಿದ ಅವಮಾನ ತನ್ನದಾಗಿರಲೇ ಇಲ್ಲ. ಆ ಮಾತಿನಲ್ಲಿ ಅವನಿಗೆ ಜಾಗವೇ ಇರಲಿಲ್ಲ; ಬಳಿದು ತುಂಬಿಕೊಡೋರು ಯಾರೂ ಇಲ್ಲ ಎಂಬಲ್ಲಿ, ಆ ‘ಯಾರೂ’ ಅನ್ನುವುದರಲ್ಲಿ ಇದ್ದರೆ ಇದ್ದ.

“ನೀನಾ? ನಿನಗೆಂಥ ಬಿಗುಮಾನ? ನೀನು ಮೊದಲಿಂದ್ಲೂ ಕಡಿಮೆ ಮಾತಿನವಳು ಅಷ್ಟೇ.”

“ಮೊದಲಿಂದ್ಲೂ ಅಲ್ಲ” ಎಂದಳು. ಆಮೇಲೆ ಗಿಡ್ಡ ಕಾಲಿನ ಸ್ಟೂಲಿನ ಮೇಲೆ ಕೂತು, ಮಡಿಲಲ್ಲಿ ಟವೆಲು ಇಟ್ಟುಕೊಂಡು ಹೇಳಿದಳು. ಅವಳು ಇಷ್ಟು ಉದ್ದಕ್ಕೆ ಮಾತಾಡಿದ್ದನ್ನು ಅವನು ಕೇಳಿ ಎಷ್ಟು ವರ್ಷವಾಗಿತ್ತೋ. “ನಮ್ಮ ಮನೇಲಿ ನನ್ನ ಬಾಯಿಗೆ ಬೀಗ ಎಲ್ಲಿ ಸಿಗುತ್ತೆ ಅಂತ ನಮ್ಮಪ್ಪ ಕೇಳ್ತಿದ್ರು. ಮದುವೆ ಆದ ವರ್ಷ, ನಿಮ್ಮ ‘ಅ’ ಸಂಪುಟ ಬಂತಲ್ಲ, ನಿಮ್ಮ ಆಫೀಸಲ್ಲಿ ಸಮಾರಂಭ ಇತ್ತು. ನಾನು ಹಸಿರು ಸೀರೆ ಉಟ್ಕೊಂಡು ಬಂದಿದ್ದೆ. ಆಗಿನ ದೊಡ್ಡ ಸಂಪಾದಕರು, ಪಾಪ, ತಾವಾಗೇ ಮಾತಾಡಿಸಿದ್ರು. ಏನಮ್ಮ, ಮನೇಲಿ ಹೇಗಿರ್ತಾನೆ ನಮ್ಮ ಹುಡುಗ ಅಂದ್ರು. ನಾನು ಖುಷಿಯಾಗಿ, ಇವರಿಗೆ ಮನೇಲೂ ಬರೀ ಸಬ್ದ ಸಬ್ದ ಅಂತಾನೇ ಜ್ಞಾನ ಸಾರ್ ಅಂದೆ. ನೀವು ಪಕ್ಕದಲ್ಲೇ ಇದ್ರಿ. ‘ಶಬ್ದ’ ಅಂದ್ರಿ. ನಗ್ತಾನೇ ಅಂದ್ರಿ, ಬೈಲಿಲ್ಲ. ಸುತ್ತ ಇದ್ದವರೆಲ್ಲ ನಕ್ರು. ನಾನೂ ನಕ್ಕೆ. ಬಸ್ಸಲ್ಲಿ ಬರುವಾಗ, ಜನರ ಮುಂದೆ ಸ್ವಲ್ಪ ನೋಡ್ಕೊಂಡು ಮಾತಾಡು ಅಂದ್ರಿ. ಅವತ್ತಿಂದ ನೋಡ್ಕೊಂಡು ಮಾತಾಡಿದೆ. ನೋಡ್ಕೊಂಡು ಮಾತಾಡಕ್ಕೆ ಹೋದ್ರೆ ಮಾತು ಬರಲ್ಲ ರೀ. ಅಷ್ಟೇ.”

ಅವನು ನೆನಪಿಸಿಕೊಳ್ಳಲು ನೋಡಿದ. ಹಸಿರು ಸೀರೆ ನೆನಪಿತ್ತು. ಬಿಸಿ ಟೀ, ಕೈಗಂಟಿದ ಸಂಪುಟದ ಹೊಸ ಅಚ್ಚಿನ ವಾಸನೆ, ಎಲ್ಲ ನೆನಪಿತ್ತು. ಆ ಒಂದು ಶಬ್ದ ಮಾತ್ರ ಇರಲಿಲ್ಲ. ಒಬ್ಬಳ ಇಪ್ಪತ್ತೆರಡು ವರ್ಷದ ಮೌನ ಎಲ್ಲಿಂದ ಹುಟ್ಟಿತೋ ಆ ಜಾಗ ಅವನ ತಲೆಯಲ್ಲಿ ಒಂದು ಗೀರನ್ನೂ ಬಿಟ್ಟಿರಲಿಲ್ಲ. ಇಲ್ಲ, ಹಾಗೆ ಆಗಿರಲಾರದು ಎನ್ನಬೇಕೆನಿಸಿತು. ಆದರೆ ಈಗ ತಾನೇ ಅವಳು ‘ಸಬ್ದ’ ಎಂದಾಗ ತನ್ನ ನಾಲಿಗೆ ತಾನೇ ತಾನಾಗಿ ಅಂಗುಳಕ್ಕೆ ಏರಿದ್ದು ಅವನಿಗೆ ಗೊತ್ತಾಗಿತ್ತು.

“ಅವನಿಗೆ ಹೇಳಿದೆಯಾ ಇದನ್ನ?”

“ಇಲ್ಲ. ಅವರು ನಾನು ಹೇಳಿದ್ದನ್ನ ಹೇಗಿದೆಯೋ ಹಾಗೇ ಬರ್ಕೋತಿದ್ರು. ತಪ್ಪಿದ್ರೆ ತಿದ್ಕೊಳ್ಳಿ ಅಂದೆ. ತಿದ್ದಿದ್ರೆ ನಮ್ಮ ಕೆಲಸ ಕೆಡುತ್ತೆ ಅಕ್ಕ ಅಂದ್ರು.” ಆಮೇಲೆ ಅವಳು, “ಅವರು ಹೇಳಿದ್ರಾ ನಿಮಗೆ, ನಾನೇ ಅಂತ? ಹೆಸರು ಹಾಕಬೇಡಿ, ನಮ್ಮ ಮನೆಯವರಿಗೆ ಮುಜುಗರ ಆಗುತ್ತೆ ಅಂದಿದ್ದೆ” ಎಂದಳು.

“ಇಲ್ಲ. ಹೇಳಲಿಲ್ಲ.” ಇನ್ನು ಮುಂದಿನದನ್ನು ಹೇಳದೆ ದಾರಿಯಿರಲಿಲ್ಲ. ಅವನು ಹೇಳಿದ. ಅಳೆಯದೆ, ತೂಗದೆ, ಕಿಟಕಿಯ ಚಿಲಕ ಹಿಡಿದುಕೊಂಡು, ಮೂರನೆಯ ಮಹಡಿಯಲ್ಲಿ ಇಡೀ ದಿನ ತಾನು ಮಾಡಿದ್ದನ್ನೆಲ್ಲ ಹೇಳಿದ. ಅಡುಗೆಮನೆಯ ಹೆಂಗಸು ಹೀಗೆ ಮಾತಾಡ್ತಾಳಾ ಎಂದದ್ದನ್ನೂ ಬಿಡಲಿಲ್ಲ. ಅವಳು ಬೈಯುತ್ತಾಳೆ, ಅಳುತ್ತಾಳೆ ಎಂದು ಕಾದ. ಅವಳು ಕೇಳಿದ್ದು ಬೇರೆ.

“ಕೆಲಸ ಹೋಗೋ ಹಾಗಿದ್ರೂ ನನ್ನ ಹೆಸರು ಹೇಳಲಿಲ್ವಾ ಅವರು?”

ಅವಳ ಮುಖದಲ್ಲಿ ಬಂದ ಬೆಳಕನ್ನು ಅವನು ನೋಡಿದ. ಪ್ರೀತಿಯಲ್ಲ, ಮೋಹವಲ್ಲ, ಯಾರೋ ತನ್ನ ಮಾತನ್ನು ಕೆಳಗೆ ಬೀಳಲು ಬಿಡಲಿಲ್ಲ ಎಂಬ ತೃಪ್ತಿ. ಮದುವೆಯಾದಂದಿನಿಂದ ಅಂಥ ಬೆಳಕನ್ನು ಅವನು ಒಂದು ಸಲವೂ ತಂದುಕೊಟ್ಟಿರಲಿಲ್ಲ. ಆ ಕ್ಷಣದಷ್ಟು ಹೊಟ್ಟೆಕಿಚ್ಚು ಬೆಳಗಿನಿಂದ ಆಗಿರಲಿಲ್ಲ. ಅವಳ ತೃಪ್ತಿ ನ್ಯಾಯವೆಂದೂ ಗೊತ್ತಿದ್ದರಿಂದ ಈ ಕಿಚ್ಚಿಗೆ ಮದ್ದೂ ಇರಲಿಲ್ಲ.

“ನಾಳೆ ನಾನೇ ಹೇಳ್ತೀನಿ ಸಂಪಾದಕರಿಗೆ” ಎಂದ.

“ಬೇಡ. ನಾನೇ ಬರ್ತೀನಿ.”

“ನೀನು ಬರೋದೇನು ಬೇಕಿಲ್ಲ, ನಾನು…”

“ಮಾತು ನನ್ನದು ರೀ” ಎಂದಳು. ಎದ್ದು ಮಡಿಸಿದ ಬಟ್ಟೆಗಳನ್ನು ಒಳಗೆ ತೆಗೆದುಕೊಂಡು ಹೋದಳು.

ಬೆಳಿಗ್ಗೆ ಬಸ್ಸಿನಲ್ಲಿ ಇಬ್ಬರೂ ಅಕ್ಕಪಕ್ಕ ಕೂತಿದ್ದರೂ ಅವಳು ಕಿಟಕಿಯ ಹೊರಗೆ ನೋಡುತ್ತಿದ್ದಳು, ತುಟಿ ಸಣ್ಣಗೆ ಅಲ್ಲಾಡುತ್ತಿತ್ತು. ಪಾಠ ಒಪ್ಪಿಸಲು ಹೋಗುವವಳಂತೆ. ಅವನಿಗೆ ಧೈರ್ಯ ಹೇಳಬೇಕೆನಿಸಿತು, ಯಾವ ಬಾಯಿಂದ ಹೇಳುವುದೋ ತಿಳಿಯಲಿಲ್ಲ. ಕಚೇರಿಯ ಮೆಟ್ಟಿಲು ಹತ್ತುವಾಗ ಎರಡನೆಯ ಮಹಡಿಯಲ್ಲಿ ನಿಂತು ಏದುಸಿರು ಬಿಟ್ಟಳು. “ದಿನಾ ಇಷ್ಟು ಹತ್ತುತೀರಾ?” ಎಂದಳು. ಅವನು ಹೂಂ ಎನ್ನಲು ಹೋಗಿ, ತಡೆದು, “ಎಪ್ಪತ್ತೆರಡು ಮೆಟ್ಟಿಲು. ಇಲ್ಲೇ ನಾನೂ ನಿಲ್ತೀನಿ” ಎಂದ.

ಪ್ರಧಾನ ಸಂಪಾದಕರ ಕೋಣೆಯಲ್ಲಿ ಮೊದಲು ಅವನೇ ಬಾಯಿ ತೆರೆದ. “ಸಾರ್, ನಿನ್ನೆ ನಾನು ಹೇಳಿದ್ದು ತಪ್ಪು. ಚೀಟಿಯಲ್ಲಿರೋರು ನನ್ನ ಮನೆಯವರು. ನನಗೆ ಗೊತ್ತಿತ್ತು. ಗೊತ್ತಿದ್ದೇ ಹೇಳಿದೆ.” ಈ ನಾಲ್ಕು ವಾಕ್ಯಕ್ಕೆ ಅವನ ಬೆನ್ನು ಬೆವರಿತ್ತು. ಸಂಪಾದಕರು ಅವನನ್ನು ನೋಡಿದರು, ಅವಳನ್ನು ನೋಡಿದರು, ಆಮೇಲೆ ಏನೂ ಕೇಳದೆ ಸಂಗ್ರಾಹಕನನ್ನು ಕೂಗಿದರು. ಹಿಂದೆಯೇ ಟೈಪಿಸ್ಟ್ ಅಕ್ಕ, ಪಕ್ಕದ ಕೋಣೆಯ ಇಬ್ಬರು ಏನೋ ನೆಪ ಮಾಡಿಕೊಂಡು ಬಾಗಿಲಲ್ಲಿ ನಿಂತರು.

“ಕೂತ್ಕೊಳ್ಳಿ ತಾಯಿ. ಈ ಬಿಗುಮಾನದ ಮಾತು ನೀವು ಆಡಿದ್ದಾ?”

“ಹೌದು ಸಾರ್.”

“ಯಾಕೆ ಕೇಳ್ತೀನಿ ಅಂದ್ರೆ, ನಾವೆಲ್ಲ ಇದನ್ನ ಸೊಕ್ಕು ಅಂತಾನೇ ತಿಳ್ಕೊಂಡಿದ್ವಿ.”

ಅವಳು ಕೂರಲಿಲ್ಲ. ಸೆರಗಿನ ತುದಿ ಬೆರಳಿಗೆ ಸುತ್ತಿಕೊಂಡು ನಿಂತೇ ಹೇಳಿದಳು. “ನನಗೆ ಓದು ಕಡಿಮೆ ಸಾರ್. ನಿಮಗೆ ಸಬ್ದ ಗೊತ್ತು. ನನಗೆ ಅದರೊಳಗೆ ಇದ್ದು ಗೊತ್ತು. ಸೊಕ್ಕಿರೋನಿಗೆ ಎದುರಿಗಿರೋರು ಲೆಕ್ಕಕ್ಕಿಲ್ಲ. ಬಿಗುಮಾನ ಇರೋನಿಗೆ ಎದುರಿಗಿರೋರೇ ಎಲ್ಲ. ಅವರು ಏನಂದುಕೊಳ್ತಾರೋ ಅಂತಾನೇ ಬಾಯಿ ಕಟ್ಟೋದು. ಒಂದು ಸಬ್ದ ತಪ್ಪಾದ್ರೆ ಅವರ ಕಣ್ಣಲ್ಲಿ ಇಳಿದುಹೋಗ್ತೀನಿ ಅಂತ. ಹೊರಗಿಂದ ನೋಡೋರಿಗೆ ಎರಡೂ ಒಂದೇ ಥರ ಕಾಣುತ್ತೆ.”

ಕೋಣೆಯಲ್ಲಿ ಯಾರೂ ನಗಲಿಲ್ಲ. ಸಂಪಾದಕರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. “ಅಚ್ಚಿನವರಿಗೆ ಫೋನ್ ಮಾಡಿ ಆ ಪುಟ ವಾಪಸ್ ತರಿಸಿ” ಎಂದು ಯಾರಿಗೋ ಹೇಳಿದರು. ಸಂಗ್ರಾಹಕನಿಗೆ, “ನೀನು ನಾಳೆಯಿಂದ ಹೊರಡಪ್ಪ, ಚೀಟಿಗಳೂ ಸಂಪುಟಕ್ಕೆ ವಾಪಸ್ ಸೇರ್ಲಿ” ಎಂದರು. ಅವಳ ಗಂಡನಿಗೆ ಮಾತ್ರ ಏನೂ ಹೇಳಲಿಲ್ಲ. ಆಮೇಲೆಯೂ, ಆ ಸಂಪುಟ ಮುಗಿಯುವವರೆಗೂ, ಆ ವಿಷಯವಾಗಿ ಏನೂ ಹೇಳಲಿಲ್ಲ. ಟೈಪಿಸ್ಟ್ ಅಕ್ಕ ಅವನನ್ನು ಹೊಸದಾಗಿ ನೋಡುವವಳಂತೆ ನೋಡಿದಳು. ಅದನ್ನು ಎಲ್ಲಿಟ್ಟುಕೊಳ್ಳಬೇಕೋ ತಿಳಿಯದೆ ಅವನು ತಲೆ ತಗ್ಗಿಸಿದ.

ಅವಳನ್ನು ಬಸ್ ಸ್ಟಾಪಿಗೆ ಬಿಡಲು ಹೊರಟಾಗ ಸಂಗ್ರಾಹಕನೂ ಗೇಟಿನ ತನಕ ಬಂದ. ಇವನು ಆತನ ಕಡೆ ತಿರುಗಿ, “ನಿನ್ನೆ…” ಎಂದು ಶುರುಮಾಡಿದ. ಮುಂದೆ ಹೋಗಲಿಲ್ಲ.

“ಬಿಡಿ ಸಾರ್” ಎಂದ ಸಂಗ್ರಾಹಕ. ನಗಲಿಲ್ಲ. ಕ್ಷಮಿಸಿದನೋ ಇಲ್ಲವೋ ಆ ಎರಡು ಮಾತಿನಲ್ಲಿ ಗೊತ್ತಾಗುವಂತಿರಲಿಲ್ಲ.

ಅವಳು ಸೆರಗು ಸರಿಮಾಡಿಕೊಂಡು, ಪರೀಕ್ಷೆ ಬರೆದು ಬಂದವಳ ಗೆಲುವಿನಲ್ಲಿ, “ಸರಿಯಾಗಿ ಹೇಳಿದ್ನಾ?” ಎಂದಳು. ಕೇಳಿದ್ದು ಸಂಗ್ರಾಹಕನನ್ನು. ಕೇಳಿದ ಆ ಕೂಡಲೇ ಅವನೊಳಗೆ ಅದೇ ಹುಳಿ ಮತ್ತೆ ಏರಿತು. ಅದು ಹೋಗುವಂಥದಲ್ಲ ಎಂದು ಅವನಿಗೆ ಆಗಲೇ ತಿಳಿದದ್ದು.

“ನನಗೆ ಸರಿ ತಪ್ಪು ಗೊತ್ತಿಲ್ಲ ಅಕ್ಕ. ಸಾರ್‌ನ ಕೇಳಿ” ಎಂದು ಆತ ಒಳಗೆ ಹೋದ.

ಅವಳು ಅವನ ಕಡೆ ತಿರುಗಿದಳು. ಕಾದಳು. ದೂರದಲ್ಲಿ ಬಸ್ಸು ಕಾಣಿಸಿತು.

“ನಾನು ತಪ್ಪು ನೋಡ್ಲಿಲ್ಲ. ಬರೀ ಕೇಳಿಸ್ಕೊಂಡೆ” ಎಂದ.

“ಸುಳ್ಳು” ಎಂದಳು. ಅವಳ ಸ್ವರದಲ್ಲಿ ಸಿಟ್ಟಿರಲಿಲ್ಲ. “ಎರಡು ಸಲ ನಿಮ್ಮ ತುಟಿ ಅಲ್ಲಾಡ್ತು.”

ಬಸ್ಸು ಬಂತು, ಅವಳು ಹತ್ತಿಕೊಂಡಳು. ಅದು ತಿರುವು ದಾಟುವ ತನಕ ಅವನು ಅಲ್ಲೇ ನಿಂತಿದ್ದ. ಎರಡು ಸಲ. ಹೌದು, ಅವಳು ‘ಸಬ್ದ’ ಎಂದದ್ದೂ ಎರಡೇ ಸಲ. ಹಾಗಾದರೆ ಅಷ್ಟು ಜನರ ನಡುವೆ ನಿಂತು, ಸಂಪಾದಕರಿಗೆ ಉತ್ತರ ಕೊಡುತ್ತ, ಅವಳು ಉದ್ದಕ್ಕೂ ನೋಡುತ್ತಿದ್ದದ್ದು ಅವನ ತುಟಿಯನ್ನೇ. ಹೆದರಿ ನೋಡುತ್ತಿದ್ದಳೋ, ಬೇರೆ ಯಾವ ಕಾರಣಕ್ಕೋ, ಅವನಿಗೆ ಗೊತ್ತಾಗಲಿಲ್ಲ. ಸಂಜೆ ಕೇಳಬೇಕು ಎಂದುಕೊಂಡು ಮೆಟ್ಟಿಲು ಹತ್ತಿದ.